ಮೂರು ಎಕರೆ, ಒಂದೂವರೆ ಇಂಚು ನೀರು: ಕೊಪ್ಪಳ ಸೀಮೆಯ ಸಣ್ಣ ಹೊಲಕ್ಕೆ ನೀರಾವರಿ ಹೊಂದಿಸುವ ಸಮಗ್ರ ಮಾರ್ಗದರ್ಶಿ

ನಮ್ಮ ಹೊಲ ಕುಷ್ಟಗಿ ತಾಲ್ಲೂಕಿನಲ್ಲಿದೆ. ಮೂರು ಎಕರೆ. ಮೇಲಿನರ್ಧ ಮಸಾರಿ ಅಂದರೆ ಕೆಂಪು ಮಣ್ಣು, ಕೆಳಗಿನರ್ಧ ಎರೆ ಅಂದರೆ ಕಪ್ಪು ಮಣ್ಣು. ಬೋರು ಕೊರೆಸಿದ ವರ್ಷ ನವೆಂಬರಿನಲ್ಲಿ ಮೂರು ಇಂಚು ನೀರು ಬಿತ್ತು. ಊರೆಲ್ಲ ಬಂದು ನೋಡಿ ಹೋಯಿತು. ಮರುವಾರವೇ ಪೈಪಿನ ಅಂಗಡಿಗೆ ಹೋಗಿ ಒಂದು ಎಕರೆ ಕಲ್ಲಂಗಡಿಗೆ ಬೇಕಾದ ಡ್ರಿಪ್ ಸಾಮಾನು ಹೇರಿಕೊಂಡು ಬಂದೆ. ಹೊಲ ಎಷ್ಟು, ಸಾಲು ಎಷ್ಟು ಅಂತ ಅಂಗಡಿಯವರು ಕೇಳಿದರು. ನೀರು ಎಷ್ಟು ಅಂತ ಅವರೂ ಕೇಳಲಿಲ್ಲ, ನಾನೂ ಹೇಳಲಿಲ್ಲ. ಮಾರ್ಚ್ ಕೊನೆಗೆ ಬಳ್ಳಿ ತುಂಬ ನಿಂಬೆ ಗಾತ್ರದ ಕಾಯಿ, ಪೈಪಿನ ತುದಿಯಲ್ಲಿ ಮಾತ್ರ ಬುಸ್ ಅನ್ನುವ ಗಾಳಿ. ಪಕ್ಕದ ಹೊಲದ ಹಿರಿಯರು ಬದುವಿನ ಮೇಲೆ ಕೂತು ನೋಡಿ ಹೇಳಿದ್ದು ಇಷ್ಟೇ: "ತಮ್ಮಾ, ಮೊದಲ ನೀರ ಎಣಸ್ಬೇಕಿತ್ತು, ಆಮ್ಯಾಲ ಬೀಜ."

ಅವತ್ತಿನಿಂದ ನಾನು ಯಾರಿಗೇ ಹೇಳಲಿ, ಇದೇ ಕ್ರಮದಲ್ಲಿ ಹೇಳುತ್ತೇನೆ. ನೀರಿನ ಲೆಕ್ಕ ಮೊದಲು, ಬೆಳೆ ಎರಡನೆಯದು, ಪೈಪು ಕೊನೆಗೆ. ಎಡವಿದವರಲ್ಲಿ ಹೆಚ್ಚಿನವರು ಇದನ್ನು ತಿರುವುಮುರುವು ಮಾಡಿದವರು.

ಹಂತ 1: ಬೋರಿನ ನೀರನ್ನು ಏಪ್ರಿಲ್‌ನಲ್ಲಿ ಅಳೆಯಿರಿ

ನವೆಂಬರಿನ ನೀರು ನೆಂಟರ ಹಾಗೆ, ಇದ್ದಷ್ಟು ದಿನ. ಮನೆಯವರಂತೆ ನಿಲ್ಲುವ ನೀರು ಎಷ್ಟೆಂಬುದು ಏಪ್ರಿಲ್ ಎರಡನೇ ವಾರದ ಹೊತ್ತಿಗೆ ಗೊತ್ತಾಗುತ್ತದೆ. ಹೊಸದಾಗಿ ಬೋರು ಕೊರೆಸಿದ್ದರೆ ಒಂದು ಬೇಸಿಗೆ ದಾಟುವ ತನಕ ದೊಡ್ಡ ಖರ್ಚಿಗೆ ಕೈ ಹಾಕಬೇಡಿ.

ಅಳೆಯಲು ಬೇಕಾದ್ದು 200 ಲೀಟರಿನ ಒಂದು ಡ್ರಮ್ಮು, ಕೈಯಲ್ಲೊಂದು ಮೊಬೈಲು. ಮೋಟರು ಚಾಲೂ ಮಾಡಿದ ಕೂಡಲೇ ಡ್ರಮ್ಮು ಹಿಡಿಯಬಾರದು. ಆರೂವರೆ ಇಂಚಿನ ಬೋರಿನಲ್ಲಿ ಒಂದು ಮೀಟರ್ ಎತ್ತರಕ್ಕೆ ಸುಮಾರು 21 ಲೀಟರ್ ನೀರು ನಿಂತಿರುತ್ತದೆ. ಐವತ್ತು ಮೀಟರ್ ನೀರು ನಿಂತಿದ್ದರೆ ಮೊದಲ ಸಾವಿರ ಲೀಟರ್ ಬರೀ ಆ ಸಂಗ್ರಹ. ಅದನ್ನು ನೋಡಿ ಹಿಗ್ಗಿದವರು ಬಹಳ. ಒಂದೂವರೆ ಎರಡು ಗಂಟೆ ಓಡಿಸಿ, ಧಾರೆ ಒಂದೇ ಸಮ ಆದ ಮೇಲೆ ಡ್ರಮ್ಮು ಇಟ್ಟು ಎಷ್ಟು ಹೊತ್ತಿಗೆ ತುಂಬಿತು ಅಂತ ನೋಡಿ. ನಾಲ್ಕು ನಿಮಿಷಕ್ಕೆ ತುಂಬಿದರೆ ಗಂಟೆಗೆ 3000 ಲೀಟರ್. ಎಂಟೂವರೆ ನಿಮಿಷ ಹಿಡಿದರೆ ಸುಮಾರು 1400 ಲೀಟರ್.

ಇಲ್ಲೇ ಇಂಚಿನ ಮಾತು ಬಿಡಿಸಿ ಹೇಳಬೇಕು. ಬೋರಿನ ಲಾರಿಯವರು ಹೇಳುವ "ಇಂಚು" ಪೈಪಿನ ದಪ್ಪ ಅಲ್ಲ. ವಿ ಆಕಾರದಲ್ಲಿ ಕತ್ತರಿಸಿದ ತಗಡಿನ ಮೇಲೆ ನೀರು ಹರಿಯುವ ಎತ್ತರ ಅದು. ಎತ್ತರ ಎರಡು ಪಟ್ಟಾದರೆ ನೀರು ಐದು ಪಟ್ಟಿಗೂ ಮಿಗಿಲು. ಒಂದಿಂಚು ಎಂದರೆ ಗಂಟೆಗೆ ಸುಮಾರು 500 ಲೀಟರ್, ಒಂದೂವರೆ ಇಂಚಿಗೆ 1400, ಎರಡಿಂಚಿಗೆ 2900, ಮೂರಿಂಚಿಗೆ 8000. ನನ್ನ ಬೋರು ಮೂರರಿಂದ ಒಂದೂವರೆಗೆ ಇಳಿದಾಗ "ಅರ್ಧ ಆತು" ಅಂದುಕೊಂಡಿದ್ದೆ. ಅರ್ಧ ಅಲ್ಲ, ಉಳಿದಿದ್ದು ಆರರಲ್ಲೊಂದು ಪಾಲಿಗಿಂತ ತುಸು ಹೆಚ್ಚು, ಅಷ್ಟೇ.

ಇನ್ನು ಕರೆಂಟು. ಪಂಪಸೆಟ್ಟಿಗೆ ತ್ರೀ ಫೇಸ್ ಏಳು ತಾಸು ಅಂತ ಲೆಕ್ಕ. ನಡುವೆ ಹೋಗಿ ಬರುವುದನ್ನು ಕಳೆದು ಆರು ತಾಸು ಹಿಡಿಯಿರಿ. ತಾಸಿಗೆ 1400ರಂತೆ ಆರು ತಾಸಿಗೆ, ಅಂದರೆ ದಿನಕ್ಕೆ, 8400 ಲೀಟರ್. ಈ ಅಂಕಿಯನ್ನು ಮೋಟರ್ ಪೆಟ್ಟಿಗೆಯ ಬಾಗಿಲ ಮೇಲೆ ಸೀಮೆಸುಣ್ಣದಲ್ಲಿ ಬರೆದಿಡಿ. ಮುಂದಿನದೆಲ್ಲ ಇದರ ಮೇಲೆಯೇ.

ಅಳೆಯುವ ದಿನವೇ ಒಂದು ಬಾಟಲಿ ನೀರು ತುಂಬಿ ಪರೀಕ್ಷೆಗೂ ಕೊಡಿ. ಕೃಷಿ ವಿಜ್ಞಾನ ಕೇಂದ್ರದಲ್ಲೋ ರಾಯಚೂರು ಕೃಷಿ ವಿಶ್ವವಿದ್ಯಾಲಯದ ಪ್ರಯೋಗಾಲಯದಲ್ಲೋ ವಿಚಾರಿಸಿ. ನಮ್ಮ ಸೀಮೆಯಲ್ಲಿ ಸವಳು ನೀರಿನ ಬೋರುಗಳಿಗೆ ಕೊರತೆಯಿಲ್ಲ. ನೀರಿನ ಉಪ್ಪು ಎಷ್ಟೆಂದು ಹೇಳುವ ಇಸಿ ಅಂಕಿ ಎರಡನ್ನು ದಾಟಿದ್ದರೆ ಉಳ್ಳಾಗಡ್ಡಿ, ಬೀನ್ಸ್ ಆಸೆ ಬಿಡಿ. ಹತ್ತಿ ಅಷ್ಟಿಷ್ಟು ತಡೆದುಕೊಳ್ಳುತ್ತದೆ. ನಮ್ಮ ಕಡೆ ಫ್ಲೋರೈಡ್ ಕೂಡ ಹೆಚ್ಚು. ಹೊಲದ ಬೋರಿನಿಂದಲೇ ಕುಡಿಯಲು ಒಯ್ಯುವ ಮನೆಯವರು ಅದನ್ನೂ ತಪ್ಪದೆ ಕೇಳಿ.

ಹಂತ 2: ನೀರಿಗೆ ತಕ್ಕ ಗುಂಟೆ

ಒಂದು ಗುಂಟೆ ಮೇಲೆ ಒಂದು ಮಿಲಿಮೀಟರ್ ನೀರು ನಿಲ್ಲಿಸಿದರೆ ನೂರು ಲೀಟರ್. ಎಕರೆಗೆ ನಾಲ್ಕು ಸಾವಿರ. ಇಷ್ಟು ಬಾಯಿಪಾಠ ಆದರೆ ಸಾಕು.

ಡ್ರಿಪ್‌ನಲ್ಲಿ ಬೆಳೆದುನಿಂತ ಕಾಯಿಪಲ್ಲೆಗೆ ನಮ್ಮ ಬಿಸಿಲಲ್ಲಿ ದಿನಕ್ಕೆ ನಾಲ್ಕು ಮಿಲಿಮೀಟರ್ ಹಿಡಿಯಿರಿ. ಗುಂಟೆಗೆ 400 ಲೀಟರ್ ಆಯಿತು. 8400ನ್ನು 400ರಿಂದ ಭಾಗಿಸಿದರೆ 21. ಅಂದರೆ ನನ್ನ ಮೂರು ಎಕರೆಯಲ್ಲಿ ಬೇಸಿಗೆಯ ಬೋರು ಸಾಕುವುದು ಬರೀ ಇಪ್ಪತ್ತು ಗುಂಟೆ. ನಾನು ಕಲ್ಲಂಗಡಿ ಹಾಕಿದ್ದು ನಲವತ್ತು ಗುಂಟೆ.

ದಾಳಿಂಬೆ ಹಾಕುವವರಿಗೆ ಬೇರೆ ಲೆಕ್ಕ. ನಾಲ್ಕೂವರೆ ಮೀಟರ್ ಸಾಲು, ಮೂರು ಮೀಟರ್ ಗಿಡದಿಂದ ಗಿಡ ಅಂದರೆ ಎಕರೆಗೆ 300, ಇಪ್ಪತ್ತು ಗುಂಟೆಗೆ 150 ಗಿಡ. ದೊಡ್ಡ ಗಿಡಕ್ಕೆ ಬೇಸಿಗೆಯಲ್ಲಿ ದಿನಕ್ಕೆ 40 ಲೀಟರಿನಂತೆ 6000. ಸಾಕಾಗುತ್ತದೆ, ಸ್ವಲ್ಪ ಮಿಗುತ್ತದೆ. ಹಸ್ತ ಬಹಾರ್ ಹಿಡಿದರೆ, ಅಂದರೆ ಮಳೆಗಾಲದ ಕೊನೆಗೆ ಹೂ ಬಿಡಿಸಿದರೆ, ಇನ್ನೂ ಒಳ್ಳೆಯದು: ಹಣ್ಣಿನ ಭಾರ ಚಳಿಗಾಲದಲ್ಲಿ ಇರುತ್ತದೆ, ನೀರು ಕಡಿಮೆ ಇರುವ ಏಪ್ರಿಲ್ ಮೇನಲ್ಲಿ ಗಿಡ ವಿಶ್ರಾಂತಿಯಲ್ಲಿ ಇರುತ್ತದೆ. ಮಳೆಗಾಲದ ಹಸಿಯಲ್ಲಿ ಹಬ್ಬುವ ದುಂಡಾಣು ಅಂಗಮಾರಿಯ ಕಾಟವೂ ತಗ್ಗುತ್ತದೆ. ಆ ರೋಗಕ್ಕೆ ತೋಟಕ್ಕೆ ತೋಟವೇ ಕಿತ್ತು ಬದುವಿಗೆ ಹಾಕಿದ್ದನ್ನು ಕಂಡವರು ಈ ಸೀಮೆಯಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಆದರೂ ಒಂದು ಮಾತು: ದಾಳಿಂಬೆ ಔಷಧದ ಖರ್ಚು ಬೇಡುವ ಗಿಡ. ಕೈಯಲ್ಲಿ ಎರಡು ವರ್ಷದ ದುಡ್ಡು ಇಲ್ಲದವರಿಗೆ ನಾನು ಹೇಳುವುದು ಹತ್ತು ಗುಂಟೆ ಕಾಯಿಪಲ್ಲೆ, ಐದು ಗುಂಟೆ ಮೇವಿನ ಹುಲ್ಲು, ಎರಡು ಎಮ್ಮೆ. ಹಾಲಿನ ದುಡ್ಡು ವಾರಕ್ಕೊಮ್ಮೆ ಕೈಗೆ ಬರುತ್ತದೆ. ಅಂಗಡಿ ಸಾಲಕ್ಕೆ ಅದೇ ಆಧಾರ.

ಉಳಿದ ಎರಡೂವರೆ ಎಕರೆ ಏನು ಮಾಡುವುದು? ಅದು ಮಳೆಯದ್ದು. ಅದಕ್ಕೇ ಹೊಂಡ.

ಹಂತ 3: ಕೃಷಿ ಹೊಂಡ

ಹೊಂಡ ಅಂದ ಕೂಡಲೇ "ಎಷ್ಟು ಸಬ್ಸಿಡಿ" ಅಂತ ಕೇಳುತ್ತಾರೆ. ಮೊದಲು ಕೇಳಬೇಕಾದ್ದು "ಎಷ್ಟು ನೀರು ಹರಿದು ಬರುತ್ತೆ" ಅಂತ. ನಮ್ಮ ಕಡೆ ವರ್ಷಕ್ಕೆ ಸುಮಾರು 600 ಮಿಲಿಮೀಟರ್ ಮಳೆ. ಎಕರೆಗೆ 24 ಲಕ್ಷ ಲೀಟರ್ ಬಿದ್ದಂತಾಯಿತು. ಅದರಲ್ಲಿ ಹತ್ತನೇ ಒಂದು ಪಾಲು ಹರಿದು ಬಂತು ಅಂದುಕೊಂಡರೂ ಎರಡೂವರೆ ಲಕ್ಷದ ಹತ್ತಿರ.

ಮೇಲೆ 21 ಮೀಟರ್ ಉದ್ದ, 21 ಮೀಟರ್ ಅಗಲ, 3 ಮೀಟರ್ ಆಳ, ಇಳಿಜಾರು ಒಂದಕ್ಕೊಂದು ಇಟ್ಟರೆ ತಳ 15 ಮೀಟರ್ ಆಗುತ್ತದೆ, ನೀರು 9.8 ಲಕ್ಷ ಲೀಟರ್ ಹಿಡಿಯುತ್ತದೆ. ಇದು ತುಂಬಲು ನಾಲ್ಕು ಎಕರೆಯ ಹರಿವು ಬೇಕು. ನಿಮ್ಮದು ಎರಡೇ ಎಕರೆ ಇದ್ದು, ಮೇಲಿನ ಹೊಲದ ನೀರು ಬೇರೆ ಹಳ್ಳಕ್ಕೆ ಹೋಗುವುದಿದ್ದರೆ ಇಷ್ಟು ದೊಡ್ಡದು ತೋಡಿ ಪ್ರಯೋಜನ ಇಲ್ಲ. ಖಾಲಿ ಹೊಂಡದಲ್ಲಿ ಹುಡುಗರು ಕ್ರಿಕೆಟ್ ಆಡುವುದನ್ನು ನಾನೇ ನೋಡಿದ್ದೇನೆ.

ಜಾಗ ಆರಿಸುವಾಗ ಹೊಲದ ತೀರ ಕೆಳಗಿನ ಮೂಲೆಗೆ ಹೋಗುವುದು ವಾಡಿಕೆ. ನಾನು ತೋಡಿದ್ದು ನಡುವೆ, ಮಸಾರಿ ಮುಗಿದು ಎರೆ ಶುರುವಾಗುವ ಗೆರೆಯಲ್ಲಿ. ಮೇಲಿನ ಮಸಾರಿ ಮತ್ತು ಅದರಾಚೆಯ ಹೊಲಗಳ ನೀರು ಹೊಂಡಕ್ಕೆ ಬರುತ್ತದೆ. ಕೆಳಗಿನ ಎರೆಯಲ್ಲಿ ಚೌಕುಮಡಿ, ಅಂದರೆ ಚೌಕ ಚೌಕದ ಸಣ್ಣ ಬದು, ಕಟ್ಟಿ ಬಿದ್ದ ಮಳೆ ಅಲ್ಲಲ್ಲೇ ಇಂಗುವಂತೆ ಮಾಡುತ್ತೇನೆ. ಎರಡೂ ಒಂದೇ ತುಂಡಿನಲ್ಲಿ ಆಗುವುದಿಲ್ಲ: ಚೌಕುಮಡಿ ಕಟ್ಟಿದ ಹೊಲದಿಂದ ಹೊಂಡಕ್ಕೆ ನೀರು ಬರಲಿ ಅಂತ ಕಾಯುವುದು ಹುಚ್ಚುತನ.

ತೋಡುವಾಗ ನೆನಪಿಡಬೇಕಾದವು:

ಮೇಲಿನ ಒಂದಡಿ ಹೊಲದ ಮಣ್ಣು ಬೇರೆ ಗುಡ್ಡೆ ಹಾಕಿಸಿ, ಅದನ್ನು ಹೊಲಕ್ಕೇ ಹರಡಿ. ಅಡಿಯ ಗರಸು ಮಾತ್ರ ಒಡ್ಡಿಗೆ. ಒಡ್ಡಿನ ಮಣ್ಣು ಹೊಂಡದ ಬಾಯಿಂದ ಒಂದು ಮೀಟರಾದರೂ ಆಚೆ ಬೀಳಬೇಕು, ಇಲ್ಲದಿದ್ದರೆ ಮೊದಲ ಜೋರು ಮಳೆಗೆ ಅದೇ ಮಣ್ಣು ಒಳಕ್ಕೆ. ಯಂತ್ರದವರಿಗೆ ಬೇಗ ಮುಗಿಸಿ ಹೋಗುವ ಅವಸರ ಇರುತ್ತದೆ, ನೀವು ನಿಂತಿರಬೇಕು.

ಎರೆಯಲ್ಲಿ ತೋಡುವುದಾದರೆ ಇಳಿಜಾರು ಒಂದಕ್ಕೊಂದು ಸಾಲದು, ಒಂದೂವರೆಗೆ ಒಂದು ಇಡಿ. ಎರೆ ಒಣಗಿದಾಗ ಬಿರುಕು ಬಿಟ್ಟು ಗೋಡೆ ಕುಸಿಯುತ್ತದೆ. ಹೀಗಿಟ್ಟರೆ ತಳ 12 ಮೀಟರಿಗೆ ಇಳಿದು ನೀರು 8.4 ಲಕ್ಷಕ್ಕೆ ತಗ್ಗುತ್ತದೆ, ತಗ್ಗಲಿ. ಒಳ್ಳೆಯ ಜಿಗುಟು ಎರೆಯಲ್ಲಿ ಪ್ಲಾಸ್ಟಿಕ್ ಹಾಳೆ ಇಲ್ಲದೆಯೂ ನೀರು ನಿಲ್ಲಬಹುದು. ಮಸಾರಿ, ಗರಸಿನಲ್ಲಿ ನಿಲ್ಲದು. ಅನುಮಾನವಿದ್ದರೆ ಮೂರಡಿ ಗುಂಡಿ ತೋಡಿ ಸಂಜೆ ನೀರು ತುಂಬಿ, ಬೆಳಗ್ಗೆ ನೋಡಿ. ಹಾಳೆ ಹಾಕುವುದಾದರೆ 500 ಮೈಕ್ರಾನ್ ದಪ್ಪದ್ದೇ ಬೇಕು. ಹಾಸುವ ಮೊದಲು ತಳದ ಚೂಪುಗಲ್ಲುಗಳನ್ನು ಕೈಯಿಂದ ಆರಿಸಿ ತೆಗೆಯಬೇಕು. ನಾವು ಮನೆಮಂದಿಯೆಲ್ಲ ಒಂದು ದಿನ ಬರಿಗಾಲಲ್ಲಿ ಓಡಾಡಿ ಆರಿಸಿದೆವು. ಕಾಲಿಗೆ ಚುಚ್ಚಿದ್ದು ಹಾಳೆಗೂ ಚುಚ್ಚುತ್ತದೆ.

ನೀರು ಒಳಬರುವ ಕಡೆ ಎರಡು ಮೀಟರ್ ಉದ್ದ, ಒಂದೂವರೆ ಅಗಲ, ಒಂದು ಮೀಟರ್ ಆಳದ ಹೂಳುಗುಂಡಿ ಇರಲಿ. ತುಂಬಿ ಹೊರಹೋಗುವ ಕಡೆ ಒಡ್ಡಿಗಿಂತ ಒಂದಡಿ ತಗ್ಗಿನಲ್ಲಿ ಕಲ್ಲು ಹಾಸಿದ ಕೋಡಿ ಇರಲಿ. ಕೋಡಿ ಮರೆತರೆ ಒಡ್ಡೇ ಕೋಡಿಯಾಗುತ್ತದೆ.

ಬೇಲಿ. ಇದನ್ನು ಖರ್ಚು ಉಳಿಸುವ ಬಾಬತ್ತು ಅಂತ ದಯವಿಟ್ಟು ನೋಡಬೇಡಿ. ಹಾಳೆ ಹಾಸಿದ ಹೊಂಡಕ್ಕೆ ಬಿದ್ದವರಿಗೆ ಈಜು ಬಂದರೂ ಹತ್ತಲು ಬರುವುದಿಲ್ಲ. ಪಾಚಿ ಹಿಡಿದ ಹಾಳೆ ಸೋಪಿನ ಹಾಗೆ ಜಾರುತ್ತದೆ. ಸುತ್ತ ತಂತಿ ಬೇಲಿ ಹಾಕಿ. ಅದರ ಜೊತೆಗೆ, ನಾಲ್ಕೂ ಮೂಲೆಗೆ ಗಟ್ಟಿ ಗೂಟ ಹೊಡೆದು, ಅಡಿಗೊಂದು ಗಂಟು ಹಾಕಿದ ದಪ್ಪ ಹಗ್ಗಕ್ಕೆ ಹಳೆ ಬೈಕಿನ ಟೈರು ಕಟ್ಟಿ ನೀರಿಗೆ ಇಳಿಬಿಡಿ. ನಮ್ಮ ಹೊಂಡದ ಈಶಾನ್ಯ ಮೂಲೆಯ ಟೈರು ಹಿಡಿದು ಒಂದು ಆಡಿನ ಮರಿಯನ್ನೂ ಅದರ ಹಿಂದೆ ಹಾರಿದ ಹುಡುಗನನ್ನೂ ಮೇಲಕ್ಕೆ ತಂದಿದ್ದೇವೆ.

ಹಂತ 4: ಹೊಂಡದ ನೀರನ್ನು ಯಾವಾಗ ಕೊಡಬೇಕು

ತುಂಬಿದ ಹೊಂಡ ನೋಡಿ ಭತ್ತದ ಕನಸು ಕಾಣಬೇಡಿ. ಇದು ಒಣಗುವ ಬೆಳೆಗೆ ಎರಡು ಗುಟುಕು ಕೊಡುವ ನೀರು. ಅಕ್ಟೋಬರಿನಿಂದ ಡಿಸೆಂಬರ್ ತನಕ ದಿನಕ್ಕೆ ಐದು ಮಿಲಿಮೀಟರ್ ಆವಿ ಆದರೂ 1.8 ಲಕ್ಷ ಲೀಟರ್ ಹೋಯಿತು. ಕೈಗೆ ಸಿಗುವುದು ಎಂಟು ಲಕ್ಷ.

ತುಂತುರು ಪೈಪಿನಲ್ಲಿ ಒಂದು ಎಕರೆಗೆ 40 ಮಿಲಿಮೀಟರ್ ಕೊಟ್ಟರೆ 1.6 ಲಕ್ಷ. ಎರಡು ಎಕರೆ ಕಡಲೆಗೆ ಎರಡು ಸಲ ಅಂದರೆ ಆರೂವರೆ ಲಕ್ಷ. ಎಂಟರೊಳಗೆ ಮುಗಿಯಿತು. ಹನ್ನೆರಡು ಮೀಟರಿಗೊಂದು ಜೆಟ್ ಇಟ್ಟು, ಜೆಟ್ಟಿಗೆ ಗಂಟೆಗೆ 1500 ಲೀಟರ್ ಬರುತ್ತಿದ್ದರೆ ಗಂಟೆಗೆ ಹತ್ತು ಮಿಲಿಮೀಟರ್ ಬೀಳುತ್ತದೆ. ಒಂದು ಜಾಗದಲ್ಲಿ ನಾಲ್ಕು ತಾಸು, ಆಮೇಲೆ ಪೈಪು ಬದಲಿಸಿ. ಗಾಳಿ ಏಳುವ ಮೊದಲು, ಬೆಳಗಿನ ಜಾವ ಮಾಡಿ.

ಯಾವ ಎರಡು ಸಲ ಅನ್ನುವುದರಲ್ಲೇ ಎಲ್ಲ ಇದೆ. ಕಡಲೆಗೆ ಹೂ ಬಿಡುವ ಮುನ್ನ ಒಮ್ಮೆ, ಅಂದರೆ ಬಿತ್ತಿ ಮೂವತ್ತೈದು ನಲವತ್ತು ದಿನಕ್ಕೆ. ಇನ್ನೊಮ್ಮೆ ಕಾಯಿ ಕಟ್ಟುವಾಗ. ತುಂಬು ಹೂವಿನಲ್ಲಿ ನೀರು ಕೊಟ್ಟರೆ ಗಿಡ ಕೊಬ್ಬಿ ಹೂ ಉದುರುತ್ತದೆ. ಎರೆಯಲ್ಲಿ ಇದು ಇನ್ನೂ ಹೆಚ್ಚು. ತೊಗರಿಗೂ ಇದೇ ಮಾತು, ಹೂವಿನ ಮೊದಲು ಒಂದು, ಕಾಯಿಗೆ ಒಂದು. ಮುಂಗಾರಿನಲ್ಲಿ ನಡುವೆ ಇಪ್ಪತ್ತು ದಿನ ಮಳೆ ಕೈಕೊಟ್ಟರೆ ಶೇಂಗಾಕ್ಕೆ ಊಡು, ಅಂದರೆ ಕಾಯಿ ಕಟ್ಟುವ ಸೂಜಿ, ಮಣ್ಣಿಗೆ ಇಳಿಯುವ ಹೊತ್ತಿನಲ್ಲಿ ಒಂದು ಸಲ ಕೊಡಿ. ಹಸ್ತಿ, ಚಿತ್ತಿ ಮಳೆ ಬಂದರೆ ಹೊಂಡ ಮತ್ತೆ ತುಂಬುತ್ತದೆ, ಬರದಿದ್ದರೆ ಇಲ್ಲ. ಆ ಜೂಜು ನಿಮ್ಮದು.

ತುಂತುರು ಸೆಟ್ಟನ್ನೂ ಎಂಜಿನ್ನನ್ನೂ ಮೂರು ಹೊಲದವರು ಸೇರಿ ಇಟ್ಟುಕೊಳ್ಳಬಹುದು. ವರ್ಷಕ್ಕೆ ಹತ್ತು ದಿನ ಕೂಡ ಒಬ್ಬರಿಗೆ ಬೇಕಾಗುವುದಿಲ್ಲ. ಸರದಿ ಯಾರದ್ದು, ಡೀಸೆಲ್ ಯಾರದ್ದು, ಒಡೆದರೆ ಯಾರದ್ದು ಎಂಬುದನ್ನು ಮೊದಲೇ ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಅಣ್ಣತಮ್ಮಂದಿರಾದರೆ ಎರಡು ಹಾಳೆ.

ಹಂತ 5: ಡ್ರಿಪ್ ಕೂಡಿಸುವುದು

ಈಗ ಪೈಪಿನ ಅಂಗಡಿಗೆ ಹೋಗಬಹುದು. ಇಪ್ಪತ್ತು ಗುಂಟೆ ಕಾಯಿಪಲ್ಲೆಗೆ ನಾಲ್ಕಡಿಗೊಂದು ಸಾಲು, ಅಂದರೆ 1.2 ಮೀಟರ್, ಇಟ್ಟರೆ 16 ಮಿಲಿಮೀಟರ್ ಲ್ಯಾಟರಲ್, ಅಂದರೆ ಸಾಲಿನುದ್ದಕ್ಕೆ ಹಾಸುವ ರಂಧ್ರದ ಪೈಪು, ಸುಮಾರು 1700 ಮೀಟರ್ ಬೇಕು. 40 ಸೆಂಟಿಮೀಟರಿಗೊಂದು ರಂಧ್ರ, ರಂಧ್ರಕ್ಕೆ ಗಂಟೆಗೆ ಎರಡು ಲೀಟರ್ ಆದರೆ ಇಡೀ ತುಂಡು ಒಟ್ಟಿಗೆ ಗಂಟೆಗೆ 8400 ಲೀಟರ್ ಕುಡಿಯುತ್ತದೆ. ನಿಮ್ಮ ಬೋರು ಕೊಡುವುದು ಗಂಟೆಗೆ 1400. ಒಂದೇ ಗೇಟ್ ವಾಲ್ವ್ ಇಟ್ಟರೆ ಮೊದಲ ಸಾಲು ನೆನೆದು ಕೊನೆಯ ಸಾಲು ಗಾಳಿ ಊದುತ್ತದೆ. ಆರು ವಾಲ್ವ್ ಇಡಿಸಿ, ಒಂದೊಂದಕ್ಕೆ ಒಂದೊಂದು ತಾಸು. ಆರು ತಾಸಿನ ಕರೆಂಟಿಗೆ ಸರಿಹೋಯಿತು.

ಕರೆಂಟು ನಡುರಾತ್ರಿ ಬರುವ ಲೈನಾದರೆ ಆರು ಸಲ ಎದ್ದು ವಾಲ್ವ್ ತಿರುಗಿಸುವುದು ಯಾರಿಂದಲೂ ಆಗದು, ಹಾವಿನ ಭಯ ಬೇರೆ. ಬೋರಿನ ನೀರನ್ನು ಹತ್ತು ಸಾವಿರ ಲೀಟರಿನ ಸಿಮೆಂಟ್ ತೊಟ್ಟಿಗೆ ಬಿಟ್ಟು, ಬೆಳಗ್ಗೆ ಸಣ್ಣ ಮೋಟರಿನಿಂದ ಡ್ರಿಪ್‌ಗೆ ಕೊಡಿ. ಒಣ ಬೋರಿನಲ್ಲಿ ಮೋಟರು ಸುಡದಂತೆ ತಾನೇ ನಿಲ್ಲುವ ಡ್ರೈ ರನ್ ಪೆಟ್ಟಿಗೆಯೂ ಇರಲಿ.

ಫಿಲ್ಟರು ವಿಚಾರ: ಬರೀ ಬೋರಿನ ನೀರಿಗೆ ಜಾಲರಿ ಫಿಲ್ಟರು ಸಾಕು. ಹೊಂಡದ ಅಥವಾ ಕಾಲುವೆಯ ನೀರಿಗೆ ಮರಳು ಫಿಲ್ಟರು ಬೇಕೇ ಬೇಕು. ಪಾಚಿ ಜಾಲರಿಯೊಳಗೆ ಲೋಳೆಯಾಗಿ ನುಸುಳುತ್ತದೆ.

ಕೂಡಿಸಿದವರು ಸಹಿ ಕೇಳುವ ಮೊದಲು ನೀವೊಂದು ಪರೀಕ್ಷೆ ಮಾಡಿ. ಒಂದೇ ಅಳತೆಯ ಮೂರು ಸ್ಟೀಲ್ ಲೋಟ ತನ್ನಿ. ಮೊದಲ ಸಾಲಿನ ಆರಂಭದಲ್ಲಿ, ನಡುವೆ, ಕೊನೆಯ ಸಾಲಿನ ತುದಿಯಲ್ಲಿ ರಂಧ್ರದ ಅಡಿ ಸಣ್ಣ ಕುಳಿ ತೋಡಿ ಒಂದೊಂದು ಲೋಟ ಇಡಿ. ಎರಡು ಲೀಟರಿನ ರಂಧ್ರವಾದರೆ ಆರು ನಿಮಿಷಕ್ಕೆ 200 ಮಿಲಿಲೀಟರ್ ಬೀಳಬೇಕು. ತುದಿಯ ಲೋಟದಲ್ಲಿ 180ಕ್ಕಿಂತ ಕಡಿಮೆ ಇದ್ದರೆ ಸಹಿ ಹಾಕಬೇಡಿ, ವಾಲ್ವಿನ ಹಂಚಿಕೆ ತಪ್ಪಿದೆ.

ಹಂತ 6: ಕಾಗದ, ಸಬ್ಸಿಡಿ

ಪಹಣಿ, ಆಧಾರ್, ಬ್ಯಾಂಕ್ ಪುಸ್ತಕ, ರೈತರ ನೋಂದಣಿಯ ಫ್ರೂಟ್ಸ್ ತಂತ್ರಾಂಶದ ಎಫ್‌ಐಡಿ ಸಂಖ್ಯೆ, ನೀರಿನ ಮೂಲದ ದಾಖಲೆ ಸಿದ್ಧ ಇಟ್ಟುಕೊಳ್ಳಿ. ಪಹಣಿ ಇನ್ನೂ ಅಜ್ಜನ ಹೆಸರಲ್ಲೇ ಇದ್ದರೆ ಅದೇ ಮೊದಲ ಕೆಲಸ, ಅದಕ್ಕೆ ತಿಂಗಳುಗಳು ಬೇಕು. ಹೊಲದ ಬೆಳೆಗೆ ಹೋಬಳಿಯ ರೈತ ಸಂಪರ್ಕ ಕೇಂದ್ರ, ದಾಳಿಂಬೆ ಮತ್ತು ಕಾಯಿಪಲ್ಲೆಗೆ ತೋಟಗಾರಿಕೆ ಇಲಾಖೆ. ಡ್ರಿಪ್‌ಗೆ ಕೇಂದ್ರದ ಯೋಜನೆಯಡಿ ಸಬ್ಸಿಡಿ ಸಣ್ಣ, ಅತಿಸಣ್ಣ ರೈತರಿಗೆ ಶೇ. 55. ರಾಜ್ಯ ಅದರ ಮೇಲೆ ಸೇರಿಸಿ ಸಣ್ಣ ಹಿಡುವಳಿಗೆ ಶೇ. 90ರವರೆಗೂ ಕೊಟ್ಟಿದೆ. ಹೊಂಡಕ್ಕೆ 2014ರಲ್ಲಿ ಶುರುವಾದ ಕೃಷಿ ಭಾಗ್ಯ ಇದೆ. ಅನುದಾನ ವರ್ಷದಿಂದ ವರ್ಷಕ್ಕೆ ಬದಲಾಗುವುದರಿಂದ ಏಪ್ರಿಲ್ ಮೇನಲ್ಲೇ ಹೋಗಿ ಹೆಸರು ಬರೆಸಿ. ಕೆಲಸದ ಆದೇಶ ಕೈಗೆ ಬರುವ ಮೊದಲು ತೋಡಿಸಬೇಡಿ. ಒಮ್ಮೆ ಡ್ರಿಪ್ ಸಬ್ಸಿಡಿ ಪಡೆದ ಸರ್ವೆ ನಂಬರಿಗೆ ಏಳು ವರ್ಷ ಮತ್ತೆ ಸಿಗದು, ಆದ್ದರಿಂದ ಕಳಪೆ ಪೈಪು ಒಪ್ಪಿಕೊಂಡರೆ ಏಳು ವರ್ಷ ಅದರ ಜೊತೆಗೇ ಬಾಳು.

ಕಾಲುವೆ ಕೆಳಗಿನವರಿಗೆ

ತುಂಗಭದ್ರಾ ಎಡದಂಡೆಯ ಮಾನ್ವಿ, ಸಿರವಾರದ ಕೊನೆ ಭಾಗದವರು "ನಮಗ್ಯಾಕ ಹೊಂಡ" ಅನ್ನುತ್ತಿದ್ದರು. 133 ಟಿಎಂಸಿಗೆಂದು ಕಟ್ಟಿದ ಅಣೆಕಟ್ಟು ಹೂಳು ತುಂಬಿ ಈಗ 105ರ ಆಸುಪಾಸಿಗೆ ಬಂದಿದೆ. 2024ರ ಆಗಸ್ಟ್ 10ರ ರಾತ್ರಿ 19ನೇ ಗೇಟು ಕೊಚ್ಚಿಹೋದ ಮೇಲೆ ಮಾತು ಬದಲಾಗಿದೆ. ಕಾಲುವೆಗೆ ನೀರು ಬಂದ ದಿನಗಳಲ್ಲೇ ಹೊಂಡ ತುಂಬಿಸಿಕೊಂಡರೆ ಮೆಣಸಿನಕಾಯಿ, ಹತ್ತಿಗೆ ಕೊನೆಯ ಎರಡು ನೀರು ಕೈಯಲ್ಲಿರುತ್ತದೆ. ಭತ್ತ ಬಿಡಲಾಗದವರು ನಾಟಿ ಬಿಟ್ಟು, ಕೂರಿಗೆಯಲ್ಲಿ ನೇರ ಬಿತ್ತುವ ಕೂರಿಗೆ ಭತ್ತಕ್ಕೆ ಬನ್ನಿ, ಕೆಸರುಗದ್ದೆಯ ನೀರು ಉಳಿಯುತ್ತದೆ, ಕಳೆಗೆ ಮಾತ್ರ ಮೊದಲ ತಿಂಗಳು ಕಣ್ಣಿಡಬೇಕು. ಹತ್ತಿ, ಮೆಣಸಿನಕಾಯಿಗೆ ಸಾಲು ಬಿಟ್ಟು ಸಾಲು ನೀರು ಹಾಯಿಸಿ, ಮುಂದಿನ ಸಲ ಬಿಟ್ಟ ಸಾಲಿಗೆ. ಹೊಲದ ಮೇಲೆ ಬಿಳಿ ಪದರ ಏಳುತ್ತಿದ್ದರೆ ಅದು ಸವಳು. ಅಲ್ಲಿ ಬೇಕಾದ್ದು ಹೆಚ್ಚು ನೀರಲ್ಲ, ಬಸಿಗಾಲುವೆ.

ಹಂತ 7: ಕಾಪಾಡುವುದು

ವಾರಕ್ಕೊಮ್ಮೆ ಲ್ಯಾಟರಲ್ ತುದಿಗಳನ್ನು ಬಿಚ್ಚಿ ನೀರು ತಿಳಿಯಾಗುವ ತನಕ ಬಿಡಿ. ಫಿಲ್ಟರಿನ ಜಾಲರಿಯನ್ನು ಹಳೆ ಹಲ್ಲುಜ್ಜುವ ಬ್ರಷ್ಷಿನಿಂದ ತೊಳೆಯಿರಿ. ಮೂರು ಲೋಟದ ಪರೀಕ್ಷೆ ತಿಂಗಳಿಗೊಮ್ಮೆ.

ನಮ್ಮ ಬೋರಿನ ನೀರಿನ ಗಡಸು ಗೊತ್ತಾಗಬೇಕಾದರೆ ಮನೆಯ ಹಂಡೆಯೊಳಗೆ ನೋಡಿ. ಅದೇ ಬಿಳಿ ಹಕ್ಕಳೆ ರಂಧ್ರದೊಳಗೂ ಕೂರುತ್ತದೆ. ಅದಕ್ಕೆ ಹಂಗಾಮಿಗೊಂದು ಸಲ ಆಸಿಡ್ ಓಡಿಸಬೇಕು. ತುದಿಯ ರಂಧ್ರದಿಂದ ಬೀಳುವ ನೀರಿಗೆ ಪಿಎಚ್ ಕಾಗದ ಅದ್ದಿದರೆ 4ರ ಬಣ್ಣ ಬರುವಷ್ಟು ಹೈಡ್ರೋಕ್ಲೋರಿಕ್ ಆಸಿಡನ್ನು ವೆಂಚುರಿ (ಬಕೆಟ್ಟಿನ ದ್ರಾವಣವನ್ನು ಪೈಪಿನೊಳಗೆ ಎಳೆದುಕೊಳ್ಳುವ ಸಾಧನ) ಮೂಲಕ ಬಿಡಿ. ಮೋಟರು ನಿಲ್ಲಿಸಿ ಒಂದು ದಿನ ಪೈಪಿನಲ್ಲೇ ಇರಲಿ, ಮರುದಿನ ತುದಿ ಬಿಚ್ಚಿ ತೊಳೆಯಿರಿ. ಪ್ಲಾಸ್ಟಿಕ್ ಬಕೆಟ್ಟಿನ ನೀರಿಗೆ ಆಸಿಡ್ ಹಾಕಬೇಕು, ಆಸಿಡಿಗೆ ನೀರು ಸುರಿಯಲೇಬಾರದು, ಸಿಡಿದು ಮುಖಕ್ಕೆ ಬರುತ್ತದೆ. ಪಾಚಿಗೆ ಕ್ಲೋರಿನ್ ಬಳಸುವವರು ಅದೇ ವಾರ ಆಸಿಡ್ ಮುಟ್ಟಬೇಡಿ, ಎರಡೂ ಕೂಡಿದರೆ ವಿಷದ ಗಾಳಿ.

ಬೆಳೆ ಮುಗಿದ ಮೇಲೆ ರಂಟೆ ಹೊಡೆಯುವ ಮೊದಲು ಲ್ಯಾಟರಲ್ ಸುತ್ತಿ ತೆಗೆಯಿರಿ. ಇಬ್ಬರು ಬೇಕು: ಒಬ್ಬರು ಸುತ್ತುವವರು, ಒಬ್ಬರು ಮುಂದೆ ನಡೆದು ಬೇರು ಬಿಡಿಸುವವರು. ಎಳೆದು ಸುತ್ತಿದರೆ ಪೈಪು ಹಿಗ್ಗಿ ರಂಧ್ರ ಸಡಿಲಾಗುತ್ತದೆ. ಒಂದೊಂದು ಸುರುಳಿಗೂ ಎಷ್ಟನೇ ವಾಲ್ವಿನದು ಅಂತ ಹಳೆ ಸೀರೆಯ ಚೂರು ಕಟ್ಟಿ ಗುರುತು ಮಾಡಿ. ನಮ್ಮನೆಯಲ್ಲಿ ಕೆಂಪು ಒಂದನೆಯದು, ಹಸಿರು ಎರಡನೆಯದು. ನೆಲದ ಮೇಲೆ ಇಟ್ಟರೆ ಇಲಿ ಕಡಿಯುತ್ತದೆ. ಎರಡೂ ಬಾಯಿ ಮಡಚಿ ಕಟ್ಟಿ, ದನದ ಕೊಟ್ಟಿಗೆಯ ತೊಲೆಗೆ ತೂಗುಹಾಕಿ. ಬಾಯಿ ಕಟ್ಟದೆ ತೂಗಿದ ವರ್ಷ ಒಳಗೆ ಇರುವೆ ಮನೆ ಮಾಡಿ, ಮಿರ್ಗದ ಮಳೆಯ ಹೊತ್ತಿಗೆ ನಲವತ್ತು ಮೀಟರ್ ಪೈಪಿನಿಂದ ಮಣ್ಣು ಊದಿ ತೆಗೆಯುವುದಕ್ಕೆ ಎರಡು ದಿನ ಹಿಡಿಯಿತು.